ಪರಾಸ್ಕಾ ಮಡಿಸಿದ ಕಡುಬು

"ಸುಳ್ಳಿಗೆ ನನ್ನ ಸಹಿ ಬೇಕೇನೋ ನಿಂಗೆ? ಅದೂ ಚರ್ಚಿನ ಅಡುಗೆಮನೇಲಿ?" ಎಂದು ಮಾಗ್ದಾ ಕಾಗದವನ್ನು ವಾಸಿಲನ ಎದೆಗೆ ಒತ್ತಿದಳು. ಅವನ ಕಪ್ಪು ಕೋಟಿನ ಮೇಲೆ ಐದು ಬೆರಳಿನ ಹಿಟ್ಟು ಮೂಡಿತು.

ಅವತ್ತು ಗುರುವಾರ, ಮರುದಿನ ಕಡುಬಿನ ಮಾರಾಟ. ಪೆನ್ಸಿಲ್ವೇನಿಯಾದ ಆ ಊರಿನಲ್ಲಿ ಕಲ್ಲಿದ್ದಲ ಗಣಿ ಮುಚ್ಚಿದ ಮೇಲೆ ಭೂಮಿ ಕುಸಿಯದಂತೆ ಹಿಡಿದು ನಿಲ್ಲಿಸಿದ್ದೇ ಪಿರೋಹಿ ಎಂಬ ಈ ಆಲೂಗಡ್ಡೆ ಕಡುಬು. ಚರ್ಚಿನ ಚಾವಣಿ ಕಡುಬಿನದು, ಗಂಟೆ ಕಡುಬಿನದು, ಪಾದ್ರಿಯ ಹಲ್ಲುಸೆಟ್ಟೂ ಕಡುಬಿನದೇ. ಮೇಜಿನ ಸುತ್ತ ಕೂತ ಹನ್ನೊಂದು ಮುದುಕಿಯರು ಮಡಿಸುವ ವೇಗ ನೋಡಿ ರೈಲುಗಳು ನಾಚಿ ಈ ಊರಿಗೆ ಬರುವುದನ್ನೇ ಬಿಟ್ಟಿದ್ದವು. ಅವರೆಲ್ಲರಿಗಿಂತ ಒಂದು ಆಕಾಶ ಮೇಲಿದ್ದವಳು ವಾಸಿಲನ ತಾಯಿ ಪರಾಸ್ಕಾ. ಅವಳ ಕಡುಬಿನ ಅಂಚು ಹೆಣೆದ ಜಡೆ. ಅದನ್ನು ಕಂಡು ಒಬ್ಬ ಬಿಷಪ್ಪು ಉಪವಾಸದ ದಿನವೇ ಮೂವತ್ತೊಂಬತ್ತು ನುಂಗಿದ್ದ. ಕಡೆಯ ನಾಲ್ಕು ವರ್ಷ ಅವಳು ಮನೆ ಬಿಟ್ಟು ಬರಲಿಲ್ಲ. ಆದರೂ ಮಗನ ಕೈಲಿ ವಾರಕ್ಕೆ ಇಪ್ಪತ್ತು ಡಜನ್ ತಪ್ಪದೆ ಬರುತ್ತಿತ್ತು. ಆಮೇಲೆ ಎಂಟು ತಿಂಗಳು ಆರೈಕೆ ಕೇಂದ್ರ. ಆಮೇಲೆ ಗುಡ್ಡದ ಮೇಲಿನ ಗೋರಿ.

ಕೇಂದ್ರದ ಖರ್ಚು ಕೊಟ್ಟಿದ್ದ ಸರ್ಕಾರ ಈಗ ಅದನ್ನು ಪರಾಸ್ಕಾಳ ಮನೆ ಮಾರಿಸಿ ವಸೂಲು ಮಾಡಲು ಹೊರಟಿತ್ತು. ವಾಸಿಲನಿಗೆ ಅರವತ್ತೊಂದು; ಆ ಮನೆ ಬಿಟ್ಟರೆ ತಲೆ ಮೇಲೆ ಟೊಪ್ಪಿಯೊಂದೇ. ಆದರೆ ಕಾನೂನು ಸರ್ಕಾರಕ್ಕೂ ಒಂದು ಗೆರೆ ಎಳೆದಿತ್ತು: ಕೈಲಾಗದ ತಾಯಿಯನ್ನು ಕೇಂದ್ರ ಸೇರುವ ಮುಂಚೆ ಅದೇ ಮನೆಯಲ್ಲಿದ್ದು ಎರಡು ವರ್ಷವಾದರೂ ನೋಡಿಕೊಂಡ ಮಗನಿದ್ದರೆ ಮನೆ ಮುಟ್ಟುವಂತಿಲ್ಲ. ಅದನ್ನು ಕಣ್ಣಾರೆ ಕಂಡ, ನೆಂಟರಲ್ಲದವರೊಬ್ಬರು ಬರೆದುಕೊಡಬೇಕು. ಡಾಕ್ಟರ ಕಡತದಿಂದ ಉಪಯೋಗವಿರಲಿಲ್ಲ; ಅವರು ಕೇಳಿದಾಗಲೆಲ್ಲ ಪರಾಸ್ಕಾ, "ನಂಗೇನ್ ಧಾಡಿ, ಕಲ್ಲುಗುಂಡಿನ ಹಾಗಿದೀನಿ" ಎಂದೇ ಬರೆಸಿದ್ದಳು. ಮನೆಯೊಳಗೆ ಬಂದು ಹೋಗುತ್ತಿದ್ದವಳು ಮಾಗ್ದಾ ಒಬ್ಬಳೇ. ಊರಿಗೆಲ್ಲ ಚಿಕ್ಕಮ್ಮ, ಯಾರಿಗೂ ನೆಂಟಳಲ್ಲ.

"ಕೈಲಾಗದವಳಂತೆ! ನೀನು ಆ ಕೇಂದ್ರಕ್ಕೆ ಹಾಕಿದ ಮೇಲೇ ಕಣೋ ಅವಳ ಕೈ ಬಿದ್ದಿದ್ದು. ಅಲ್ಲೀವರೆಗೂ ಇಪ್ಪತ್ತು ಡಜನ್ ಯಾರು ಮಾಡ್ತಿದ್ದಿದ್ದು? ದೇವದೂತರಾ?"

ವಾಸಿಲ್ ನೆಲ ನೋಡಿದ. ಯಾರಿಗೂ ಹೇಳಬಾರದು ಎಂದು ಅಮ್ಮ ಪ್ರಮಾಣ ಮಾಡಿಸಿದ್ದಳು.

"ನಾನು, ಚಿಕ್ಕಮ್ಮ."

ಮೇಜಿನ ಸುತ್ತ ನಗು ಎದ್ದಿತು. "ಲಾರಿ ಗಾಲಿ ಬಿಚ್ಚೋ ಕೈ ಅದು! ಕಡುಬು ಕೊಟ್ರೆ ಸ್ಪ್ಯಾನರ್ ಹಾಕಿ ಬಿಗೀತಾನೆ" ಎಂದಳು ಮೇಜಿನ ಆ ತುದಿಯ ಓಲೆನಾ.

ಮಾಗ್ದಾ ನಗಲಿಲ್ಲ. "ಕೋಟು ಬಿಚ್ಚು. ಕೈ ತೊಳಿ. ಮಡಿಸು."

ಅವನು ಕೂತ. ಹಿಟ್ಟಿನ ಬಿಲ್ಲೆ ಅಂಗೈಗೆ ಬಂತು, ಒಂದು ಚಮಚ ಪಲ್ಯ ಒಳಗೆ ಹೋಯಿತು. ಸೌದೆಯಂಥ ಬೆರಳುಗಳು ಅಂಚನ್ನು ಚಿವುಟಿ, ಮಡಿಸಿ, ತುದಿಗೊಂದು ಸಣ್ಣ ತಿರುಚು ಕೊಟ್ಟವು. ಪರಾಸ್ಕಾಳದೇ ಜಡೆ. ಒಂದು. ಮೂರು. ಆರು. ನಗು ಎಲ್ಲಿ ನಿಂತಿತೆಂದು ಯಾರಿಗೂ ಗೊತ್ತಾಗಲಿಲ್ಲ.

"ಯಾವಾಗಿಂದ?" ಎಂದಳು ಮಾಗ್ದಾ.

"ಒಂದಿನ ಚಮಚ ಬಾಯಿತನಕ ಹೋಗ್ಲಿಲ್ಲ. ಅವತ್ತಿಂದ್ಲೇ ಅಮ್ಮ ಇಲ್ಲಿಗೆ ಬರೋದು ಬಿಟ್ಟಿದ್ದು. ನೀವು ಬಂದಾಗ ಕೈನ ಶಾಲಿನೊಳಗೆ ಇಟ್ಕೊಂಡು ಕೂತಿರ್ತಿದ್ಲು. ಸ್ನಾನ, ಜಡೆ, ಗುಂಡಿ ಹಾಕೋದು, ಎಲ್ಲ ನಾನೇ. ಇದನ್ನ ಕಲಿಸೋವಾಗ ಬೈದಿದ್ದೇ ಬೈದಿದ್ದು, 'ಇದು ಕಡುಬೇನೋ, ಹಂದಿ ಕಿವಿನೇನೋ' ಅಂತ. ಮೊದಮೊದಲು ಕೆಟ್ಟಿದ್ದನ್ನೆಲ್ಲ ನಾವಿಬ್ರೇ ತಿಂದು ಮುಗಿಸ್ತಿದ್ವಿ."

ಮಾಗ್ದಾ ಅವನೆದುರು ಬೆಂಚಿನ ಮೇಲೆ ಕೂತಳು. "ನನ್ನ ಯೂರ್ಕೊ ಸತ್ತಾಗ ನಿಮ್ಮನೆಯಿಂದ ಒಂದು ತಟ್ಟೆ ಕಡುಬು ಬಂದಿತ್ತಲ್ಲೋ. ಮೂರು ದಿನ ಗಂಟಲಲ್ಲಿ ನೀರಿಳಿದಿರ್ಲಿಲ್ಲ. ಪರಾಸ್ಕಾ ಒಬ್ಬಳಿಗೇ ನನ್ನ ಸಂಕಟ ಗೊತ್ತು ಅಂತ ಅಳ್ತಾ ಅಳ್ತಾ ತಿಂದೆ."

ಮಾಗ್ದಾಳ ಗಂಡ ಯೂರ್ಕೊ ಸತ್ತು ಎರಡು ಚಳಿಗಾಲ ಕಳೆದಿತ್ತು. ಅದೊಂದು ತಟ್ಟೆ ಅಮ್ಮನದು ಎಂದುಬಿಟ್ಟರೆ ಮುದುಕಿಯ ಜೀವ ತಣ್ಣಗಾಗುತ್ತಿತ್ತು. ಆದರೆ ಆಗ ಅಮ್ಮನ ಕೈ ನೆಟ್ಟಗಿತ್ತೆಂದಾದರೆ ಎರಡು ವರ್ಷ ತುಂಬುವುದಿಲ್ಲ, ಮನೆ ಉಳಿಯುವುದಿಲ್ಲ. ವಾಸಿಲ್ ಕೈಯಲ್ಲಿದ್ದ ಕಡುಬನ್ನು ಕೆಳಗಿಟ್ಟ.

"ಅದೂ ನಾನೇ, ಚಿಕ್ಕಮ್ಮ."

ಮಾಗ್ದಾ ಕೈ ಒರೆಸಿಕೊಂಡು ಕಾಗದ ಎಳೆದುಕೊಂಡಳು. ಕಂಡದ್ದನ್ನು ಬರೆದಳು, ಕಾಣದೆ ಹೋದದ್ದನ್ನೂ ಬರೆದಳು. ಸಹಿ ಹಾಕಿ, ಅವನ ಮುಖ ನೋಡದೆ ಕೊಟ್ಟಳು.

ಆಮೇಲೆ ಎದ್ದು ಫ್ರೀಜರಿನ ತಳದಿಂದ ಒಂದು ಚೀಲ ತೆಗೆದಳು. ಮೇಲೆ ಮಾಗ್ದಾಳದೇ ಅಕ್ಷರ: ಪರಾಸ್ಕಾ, ಕೊನೇದು, ಯಾರೂ ಮುಟ್ಟಬಾರದು. ಮಂಜು ಹಿಡಿದ ಚೀಲವನ್ನು ಒಂದು ಗಳಿಗೆ ಎದೆಗವಚಿ ನಿಂತಳು. ಮತ್ತೆ ಅದನ್ನು ಹರಿದು, ಕುದಿಯುವ ಹಂಡೆಗೆ ಸುರಿದಳು.

ಯಾರೂ ಕರೆಯದೆ ಹೆಂಗಸರೆಲ್ಲ ಎದ್ದು ಬಂದು ಹಂಡೆಯ ಸುತ್ತ ನಿಂತರು. ಕಡುಬುಗಳು ಮುಳುಗಿ ಕಾಣದಾದವು. ಸ್ವಲ್ಪ ಹೊತ್ತಿಗೆ, ಹಬೆಯ ನಡುವೆ, ಒಂದೊಂದಾಗಿ ಮೇಲೆ ತೇಲತೊಡಗಿದವು.