ಅಪ್ಪನ ಹಾಜರಿ ಪುಸ್ತಕ

ಅಪ್ಪನ ಶಾಲೆಯ ಬಗ್ಗೆ ಬರೆದದ್ದನ್ನು ಓದಲು ನನಗೇ ಪರವಾನಗಿ ಇಲ್ಲವಂತೆ! ಹಾಜರಿ ಪುಸ್ತಕ ನಮ್ಮ ದಹಿಸರ್ ಮನೆಯ ಕಪಾಟಿನಲ್ಲೇ ಉಂಟು. ಅದನ್ನು ನೋಡಿ ಬರೆದ ಲೇಖನ ಮಾತ್ರ ಯಾವುದೋ ಇತಿಹಾಸ ಪತ್ರಿಕೆಯಲ್ಲಿ ಬಂದು, ಆನ್‌ಲೈನ್ ಡೇಟಾಬೇಸಿನೊಳಗೆ ಹೋಗಿ ಕೂತಿದೆ. ತೆರೆದರೆ ಮೊದಲ ಪುಟ, ಆಮೇಲೆ ಬೀಗ. ‘ನಿಮ್ಮ ಸಂಸ್ಥೆ ಯಾವುದು?’ ಎಂದು ಕೇಳುತ್ತದೆ. ನನ್ನದೆಂತ ಸಂಸ್ಥೆ ಮಾರಾಯ್ರೆ, ಅಡುಗೆಮನೆ!

ಅಪ್ಪ ಅಂಗಾರ ಗ್ರಾಂಟ್ ರೋಡಿನ ಉಡುಪಿ ಹೋಟೆಲಿನಲ್ಲಿ ನಲವತ್ತು ವರ್ಷ ದುಡಿದವರು. ಊಟದ ಗಲಾಟೆ ಮುಗಿದ ಮೇಲೆ, ಮೂರರಿಂದ ನಾಲ್ಕರವರೆಗೆ, ಮೇಜು ಒರೆಸುವವರಿಗೆ, ಪಾತ್ರೆ ತೊಳೆಯುವವರಿಗೆ ಅಕ್ಷರ ಕಲಿಸುತ್ತಿದ್ದರು. ದಿನವೂ ಹಾಜರಿ ಬರೆದಿಟ್ಟರು. ಎರಡು ವರ್ಷದ ಹಿಂದೆ ಸಂಶೋಧಕಿ ಜ್ಯೋತ್ಸ್ನಾ ಬಂದು ಅದರ ಫೋಟೋ ತೆಗೆದುಕೊಂಡು ಹೋದಳು. ಅಂದಿನಿಂದ ಎಂಬತ್ತೆರಡರ ಅಪ್ಪನದ್ದು ಒಂದೇ ಪ್ರಶ್ನೆ: “ಮಗಾ, ನನ್ನ ಹೆಸರು ಬಂತಾ?”

ಕಡೆಗೆ ವಿಲೆ ಪಾರ್ಲೆಯ ಕಾಲೇಜಿನಲ್ಲಿ ಓದುವ ನನ್ನ ಮಗಳು ಶ್ರೇಯಾ, ಲೈಬ್ರರಿಯ ಲಾಗಿನ್ ಹಾಕಿ ಲೇಖನ ತಂದಳು. ಅಪ್ಪ ಒಗೆದ ಅಂಗಿ ಹಾಕಿಕೊಂಡು ಕೂತರು. ಅವಳು ಇಂಗ್ಲಿಷ್ ನೋಡಿಕೊಂಡು ತಡವರಿಸುತ್ತಾ ಹೇಳಿದಳು: “ಹೋಟೆಲಿನ ಮಾಲೀಕರು... ಖುದ್ ಪಾಠ ಮಾಡ್ತಿದ್ರು. ಅವರ ಅಕ್ಷರ ಬಹಳ ಸುಂದರ.”

“ನನ್ನ ಹೆಸರು?” ಎಂದರು ಅಪ್ಪ.

“ಕಹೀಂ ನಹೀಂ ಹೈ, ಅಜ್ಜಾ. ಎಲ್ಲೂ ಇಲ್ಲ.”

ನನ್ನ ಪಿತ್ತ ನೆತ್ತಿಗೇರಿತು. ಆ ಮಾಲೀಕ ಒಂದು ದಿನವಾದರೂ ಬಳಪ ಹಿಡಿದವನಲ್ಲ! ಕಪಾಟಿನಿಂದ ಹಾಜರಿ ಪುಸ್ತಕ ಎಳೆದು ತೆರೆದೆ. ನಾನು ಎಂದೂ ಸರಿಯಾಗಿ ನೋಡದ ಮೊದಲ ಪುಟದಲ್ಲಿ, ಅಪ್ಪನದೇ ದುಂಡು ಅಕ್ಷರ: ‘ಪಾಠ ಹೇಳುವವರು: ನಮ್ಮ ಧಣಿಗಳು.’

“ಇದೆಂತ ಅಪ್ಪಾ?”

“ಧಣಿಗಳ ಜಾಗ, ಧಣಿಗಳ ಮೇಜು. ಅಲ್ಲಿ ನನ್ನ ಹೆಸರು ಬರೆಯುವುದು ಹೇಗೆ ಮಗಾ?”

“ಜ್ಯೋತ್ಸ್ನಾಗಾದರೂ ಹೇಳಬಾರದಿತ್ತಾ?”

“ಅವರು ಕೇಳಲಿಲ್ಲ.”

ಮೂರು ಸಲ ಬಂದು ನನ್ನ ಕೈಯ ನೀರುದೋಸೆ ತಿಂದವಳಿಗೆ, ಈ ಅಕ್ಷರ ಯಾರದ್ದು ಎಂದು ಕೇಳಲು ಬಾಯಿ ಬರಲಿಲ್ಲವೇ? ತಪ್ಪು ತಿದ್ದಿ ಎಂದು ಪತ್ರಿಕೆಗೆ ಬರೆಯಹೊರಟರೆ ಅಲ್ಲಿಯೂ ಅದೇ: ‘ನಿಮ್ಮ ಸಂಸ್ಥೆ ಯಾವುದು?’ ಥೂ, ಅವರ ಸಂಸ್ಥೆಗಿಷ್ಟು ಬೆಂಕಿ ಹಾಕ!

ಅಪ್ಪನ ಕೈಗೆ ಪೆನ್ನು ಕೊಟ್ಟು, “ಬರೆಯಿರಿ ನಿಮ್ಮ ಹೆಸರು,” ಎಂದೆ. ಕೈ ಮೇಲೇಳಲಿಲ್ಲ. ಪೆನ್ನು ಕಸಿದು, ಧಣಿಗಳನ್ನು ಹೊಡೆದುಹಾಕಿ, ಕೆಳಗೆ ನಾನೇ ‘ಅಂಗಾರ’ ಎಂದು ಗೀಚಿದೆ.

ಅಪ್ಪ ಪುಸ್ತಕವನ್ನು ಕಣ್ಣ ಹತ್ತಿರ ಹಿಡಿದು ಬಹಳ ಹೊತ್ತು ನೋಡಿದರು.

“ಗೆರೆ ಬಿಟ್ಟು ಕೆಳಗೆ ಹೋಗಿದೆ,” ಎಂದರು. “ಇನ್ನೊಮ್ಮೆ ಬರೆ.”