ಒಂದೇ ಪದದ ವರದಿ

"ಇನ್ನೊಂದ್ ಸತಿ ಓದು," ಎಂದಳು ಆದಿಲಕ್ಷ್ಮಮ್ಮ.

"ಎಷ್ಟ್ ಸತಿ ಓದಿದ್ರೂ ಅಷ್ಟೇ ಇರೋದಕ್ಕ. ಆಸ್ಕೋಮೈಸೀಟ್."

ಕುಮಾರೇಶ್ ಕಾಗದವನ್ನು ಮಗುಚಿ ಹಿಂಬದಿಯನ್ನೂ ನೋಡಿದ. ಅಲ್ಲಿ ಏನೂ ಇರಲಿಲ್ಲ. ಮುಂದುಗಡೆ ಲ್ಯಾಬಿನ ಹೆಸರು, ಮೊಹರು, ತಾರೀಖು, ಸ್ಯಾಂಪಲ್ ನಂಬರು ಇನ್ನೂರ ಹದಿನಾಲ್ಕು ಎಂದೆಲ್ಲ ಇದ್ದು, ಫಲಿತಾಂಶ ಎಂಬ ಕಡೆ ಆ ಒಂದು ಪದ ಮಾತ್ರ ದಪ್ಪ ಅಕ್ಷರದಲ್ಲಿ ಕೂತಿತ್ತು. ಅದಕ್ಕಾಗಿ ಆದಿಲಕ್ಷ್ಮಮ್ಮ ಐದು ದಿನ ಕಾದಿದ್ದಳು. ಶುಕ್ರವಾರ ಬೆಳಿಗ್ಗೆ ಲಕೋಟೆ ಕೈಗೆ ಬಂದದ್ದೇ ತಡ, ಒಲೆಯ ಮೇಲಿದ್ದ ಸಾರನ್ನು ಗಂಡನ ಪಾಲಿಗೆ ಬಿಟ್ಟು, ಸಾನಮಾವಿನಲ್ಲಿ ಬಸ್ಸು ಹತ್ತಿ, ಹೊಸೂರಿನ ಕುಮಾರೇಶನ ಗಿಡದ ಔಷಧಿ ಅಂಗಡಿಗೆ ಓಡಿ ಬಂದಿದ್ದಳು.

"ಹಂಗಂದ್ರೇನು?"

"ಬೂಷ್ಟು ಅಕ್ಕ. ಒಂಥರಾ ಬೂಷ್ಟು."

"ಬೂಷ್ಟು ಅಂತ ನನ್ ಕಣ್ಣಿಗೇ ಕಾಣ್ತದಲ್ಲಪ್ಪ! ಅದನ್ನ ಯೋಳಕ್ಕೆ ಲ್ಯಾಬು ಬೇಕಾ?"

ಕಾಣುತ್ತಿದ್ದದ್ದು ನಿಜ. ಅವಳ ಎರಡು ಗುಲಾಬಿ ಶೆಡ್ಡುಗಳಲ್ಲಿ ಮೇಲಿನದಕ್ಕೆ ಹದಿನೈದು ದಿನದಿಂದ ಏನೋ ಬಡಿದಿತ್ತು. ಮೊಗ್ಗುಗಳು ಬಿರಿಯುವ ಮೊದಲೇ ಕತ್ತು ಚೆಲ್ಲುತ್ತಿದ್ದವು. ಎಸಳಿನ ಮೇಲೆ ಕಂದು ಮಚ್ಚೆ, ಮಚ್ಚೆಯ ಮೇಲೆ ಬೂದು ಬಣ್ಣದ ಬೂಷ್ಟು. ಕಳೆದ ವಾರ ಕುಮಾರೇಶನೇ ಬಂದು ನೋಡಿ, ನಾಲ್ಕು ಬಗೆಯ ಔಷಧಿ ಹೊಡೆಸಿ, ಯಾವುದಕ್ಕೂ ಜಗ್ಗದಿದ್ದಾಗ, ಇದು ಕೆಳಗಿನ ಶೆಡ್ಡಿಗೂ ಹತ್ತುವ ಮೊದಲು ಮೇಲಿನದನ್ನು ಪೂರಾ ಕಿತ್ತು ಸುಡುವುದೇ ಸರಿ ಎಂದಿದ್ದ. ಕೀಳಲು ಭಾನುವಾರಕ್ಕೆ ಆರು ಜನ ಆಳುಗಳನ್ನೂ ಗೊತ್ತುಮಾಡಿದ್ದ. ಅವನು ಕೆಟ್ಟವನಲ್ಲ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವ ಜಾತಿಯವನು, ಅಷ್ಟೆ. ಗೊತ್ತಿಲ್ಲ ಎಂಬ ಮಾತು ಅವನ ಬಾಯಿಂದ ಬಂದದ್ದನ್ನು ಯಾರೂ ಕೇಳಿರಲಿಲ್ಲ.

ಆ ಶೆಡ್ಡಿನ ಸಾವಿರದಿನ್ನೂರು ಗಿಡಗಳಿಗೆ ಆದಿಲಕ್ಷ್ಮಮ್ಮನೇ ಕಣ್ಣು ಕೂರಿಸಿ ಕಸಿ ಕಟ್ಟಿದ್ದಳು. ನಾಲ್ಕು ವರ್ಷದ ಹಿಂದೆ, ಒಂದೊಂದನ್ನೂ, ಮೊಣಕಾಲೂರಿ. ಅವನ್ನು ಕೀಳಬೇಕೋ ಉಳಿಸಿಕೊಳ್ಳಬಹುದೋ ಎಂಬುದಷ್ಟೇ ಅವಳಿಗೆ ಬೇಕಾಗಿತ್ತು. ರೋಗದ ಹೆಸರು ತಿಳಿದರೆ ಅದು ತೀರ್ಮಾನವಾಗುತ್ತದೆ ಎಂದು ನಂಬಿದ್ದಳು.

ಕುಮಾರೇಶ್ ಫೋನಿನಲ್ಲಿ ಹುಡುಕಿ ತಮಿಳಿನಲ್ಲಿ ಬಂದದ್ದನ್ನು ಓದಿದ. "ಪೈ ಪೂಂಜೈ ಅಂತ ಕೊಟ್ಟವ್ರೆ. ಚೀಲದ ಬೂಷ್ಟು."

"ಯಾವ್ ಚೀಲ? ನೀನ್ ಕೊಟ್ಟ ಗೊಬ್ರದ ಚೀಲದಿಂದ ಬಂತಾ?"

"ಅಯ್ಯೋ ನನ್ ಗೊಬ್ರ ಯಾಕಕ್ಕ ಮಧ್ಯಕ್ಕೆ?" ಕುಮಾರೇಶನಿಗೆ ರೇಗಿತು. "ನಿಮ್ ಸೊಸೇನೆ ಅಲ್ವಾ ಆ ಲ್ಯಾಬಲ್ಲಿ ಇರೋದು? ಓದಿರೋ ಸೊಸೆ, ಓದಿರೋ ಸೊಸೆ ಅಂತ ಊರೆಲ್ಲ ಯೋಳ್ಕೊಂಡ್ ಬಂದ್ರಲ್ಲ, ಅವ್ಳನ್ನೇ ಕೇಳಿ."

ಅಂಗಡಿಯಲ್ಲಿ ಇನ್ನಿಬ್ಬರು ರೈತರಿದ್ದರು. ಒಬ್ಬ ನಕ್ಕ. ಆದಿಲಕ್ಷ್ಮಮ್ಮನಿಗೆ ಮೈಯೆಲ್ಲ ಉರಿದುಹೋಯಿತು. ಕಾಗದವನ್ನು ಕಿತ್ತುಕೊಂಡು, ಅದರ ಮೇಲಿದ್ದ ನಂಬರಿಗೆ ಅಲ್ಲೇ ಫೋನು ಮಾಡಿಸಿದಳು. ಅತ್ತಲಿಂದ ಒಬ್ಬ ಹೆಣ್ಣುಮಗಳು ಬಲು ಮೆತ್ತಗೆ, "ಪುದು ಸ್ಯಾಂಪಲ್ ಅನುಪ್ಪುಂಗ ಮೇಡಂ, ಒರು ವಾರಂ ಆಗುಂ," ಎಂದಳು. ಹೊಸ ಸ್ಯಾಂಪಲ್ಲಂತೆ, ಇನ್ನೊಂದು ವಾರವಂತೆ! ಗುದ್ದಲಿ ಹಿಡಿದವರು ನಾಡಿದ್ದು ಬರುತ್ತಾರೆ.

ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ಅವಳು ದಾರಿಯುದ್ದಕ್ಕೂ ಎಲ್ಲರನ್ನೂ ಬೈದಳು. ಬೆಟ್ಟ ಅಗೆದು ಇಲಿ ಹಿಡಿದರು ಎನ್ನುತ್ತಾರಲ್ಲ, ಇಲ್ಲಿ ಇಲಿಯೂ ಇಲ್ಲ. ಲ್ಯಾಬಿಗೆ ಕೊಡಿ ಅತ್ತೆ, ಸರಿಯಾಗಿ ಗೊತ್ತಾಗುತ್ತೆ ಎಂದು ಹೇಳಿದವಳೇ ಸೊಸೆ ಕಲ್ಪನಾ. ಮಾಲೂರಿನ ಕಡೆಯ ಹುಡುಗಿ, ಬಿಎಸ್ಸಿ ಮಾಡಿದವಳು, ಮದುವೆಯಾಗಿ ಬಂದು ಎಂಟು ತಿಂಗಳು. ಮಗ ನರೇಶನಿಗೆ ಕಾರ್ಖಾನೆಯ ಪಾಳಿ, ಇವಳಿಗೆ ಲ್ಯಾಬು. ಇಬ್ಬರೂ ಬೆಳಿಗ್ಗೆ ಏಳಕ್ಕೆ ಹೊರಟರೆ ಹೊತ್ತು ಮುಳುಗಿದ ಮೇಲೇ ಬರುವುದು. ಕೆಲಸದವರು ತಮ್ಮ ಮನೆಯ ಸ್ಯಾಂಪಲ್ ತಾವೇ ತರಕೂಡದು, ಮುಂದಿನ ಕೌಂಟರಿನಲ್ಲಿ ಕೊಟ್ಟು ನಂಬರು ಹಾಕಿಸಬೇಕು ಎಂದು ಕಟ್ಟುನಿಟ್ಟು. ಹಾಗಾಗಿ ಗಂಡ ಆವುಲಪ್ಪನೇ ಹೋಗಿ ಕೊಟ್ಟು ಬಂದಿದ್ದ. ಐದು ದಿನ ಒಂದೇ ಮನೆಯಲ್ಲಿ ಉಂಡು ಮಲಗಿದರೂ ಸೊಸೆ ಆ ವಿಷಯ ಒಂದು ಮಾತು ಆಡಿರಲಿಲ್ಲ.

ಸಂಜೆ ಆರೂವರೆಗೆ ಕಲ್ಪನಾ ಒಳಗೆ ಕಾಲಿಟ್ಟಾಗ ಆದಿಲಕ್ಷ್ಮಮ್ಮ ನಡುಮನೆಯಲ್ಲಿ ಮೊರ ಮುಂದಿಟ್ಟುಕೊಂಡು ಅವರೆಕಾಯಿ ಸುಲಿಯುತ್ತಿದ್ದಳು. ಸುಲಿಯುತ್ತಿದ್ದಳು ಅನ್ನುವುದಕ್ಕಿಂತ ಕಾಯಿಗಳ ಕತ್ತು ಮುರಿಯುತ್ತಿದ್ದಳು ಅನ್ನಬೇಕು. ಆವುಲಪ್ಪ ಮೂಲೆಯಲ್ಲಿ ಬೀಡಿ ಹಚ್ಚದೆ ಬಾಯಲ್ಲಿಟ್ಟುಕೊಂಡು ಕೂತಿದ್ದ.

"ಬಾರಮ್ಮ ಬಾ. ಇದನ್ನ ಓದಿ ಯೋಳು."

ಕಲ್ಪನಾ ಕಾಗದ ಮುಟ್ಟಲಿಲ್ಲ. "ಬಂತಾ? ಬಂದ ಮೇಲೆ ನಾನೇ ಹೇಳಾಣ ಅಂತಿದ್ದೆ ಅತ್ತೆ. ಅದ್ಕೂ ಮುಂಚೆ ಬಾಯಿ ಬಿಡೋ ಹಂಗಿಲ್ಲ ನಮ್ಮಲ್ಲಿ."

"ಏನ್ ಯೋಳ್ತೀಯ? ಏನೈತೆ ಅದ್ರಲ್ಲಿ ಯೋಳಕ್ಕೆ? ಕುಮಾರೇಶನ ಅಂಗ್ಡೀಲಿ ಮಾನ ಹೋಯ್ತು ನಂದು. ಯಾವನ್ ಬರ್ದವ್ನೋ ಇದನ್ನ, ಅವ್ನ ಕೈ ಸೇದೋಗ!"

"ನಾನೇ ಬರ್ದಿದ್ದು," ಎಂದಳು ಕಲ್ಪನಾ. "ಇನ್ನೂರ ಹದಿನಾಲ್ಕು ನೋಡಿದ್ದು ನಾನೇ."

ಆವುಲಪ್ಪ ಬಾಯಿಂದ ಬೀಡಿ ತೆಗೆದ. ಆದಿಲಕ್ಷ್ಮಮ್ಮನ ಕೈ ಮೊರದ ಮೇಲೆ ನಿಂತಿತು. ಆಮೇಲೆ ಬೈಗುಳಗಳು ಒಟ್ಟಿಗೇ ಬಂದವು. ಇದಕ್ಕಾ ನಿಮ್ಮಪ್ಪ ಮೂರು ವರ್ಷ ಓದಿಸಿದ್ದು, ಒಂದು ಹೆಸರು ಬರೆಯಲು ಬರಲ್ವಾ, ಅರ್ಥವಾಗದ ಒಂದು ಮಾತು ಬರೆದು ಅತ್ತೆಯ ಕೈಗೆ ಕೊಟ್ಟು ಕಳಿಸಿದೆಯಲ್ಲ ಎಂದು.

ಕಲ್ಪನಾ ಚೀಲ ಕೆಳಗಿಟ್ಟು ಮೊರದ ಪಕ್ಕ ಕೂತಳು. ಒಂದು ಅವರೆಕಾಯಿ ಎತ್ತಿಕೊಂಡು ಸೀಳಿ ತೋರಿಸಿದಳು. "ಆಸ್ಕೋಮೈಸೀಟ್ ಅಂದ್ರೆ ಇಷ್ಟೇ ಅತ್ತೆ. ಕೆಲವು ಬೂಷ್ಟು ತನ್ನ ಬೀಜಾನ ಹಿಂಗೆ ಒಂದು ಸಂಚಿಯೊಳಗೆ ಇಟ್ಕೊಂಡಿರ್ತದೆ. ಇದ್ರಲ್ಲಿ ನಾಲ್ಕು ಕಾಳು, ಅದ್ರಲ್ಲಿ ಬಹುಪಾಲು ಎಂಟು. ಅಂಥಾ ಸಂಚಿ ಇರೋದಕ್ಕೆಲ್ಲ ಒಟ್ಟಾಗಿ ಅದೇ ಹೆಸರು. ನಂಗೆ ಅಲ್ಲಿ ಸಂಚಿ ಕಾಣಿಸ್ತು. ಕಂಡಿದ್ದನ್ನ ಬರ್ದೆ."

"ಎಲ್ಲಾದಕ್ಕೂ ಅಂದ್ರೆ? ಯಾವ್ಯಾವ್ದು?"

"ರಾಗಿಗೆ ಬೆಂಕಿ ರೋಗ ಬರ್ತದಲ್ಲ, ಅದೂ ಅದೇ ಗುಂಪು. ಎಲೆ ಮೇಲೆ ಬೂದಿ ಚೆಲ್ದಂಗೆ ಆಗೋದು, ಅದೂನೂ. ಬ್ರೆಡ್ ಉಬ್ಬಿಸೋ ಈಸ್ಟು. ಮಾವಂಗೆ ಕಾಲು ಕೀವಾದಾಗ ಪೆನ್ಸಿಲಿನ್ ಚುಚ್ಚಿದ್ರಂತಲ್ಲ, ಅದು ಬರೋ ಬೂಷ್ಟೂ ಅದೇ."

"ಶಿವನೇ!" ಆದಿಲಕ್ಷ್ಮಮ್ಮ ಹಣೆ ಚಚ್ಚಿಕೊಂಡಳು. "ಕದ್ದೋನು ಯಾರು ಅಂತ ಕೇಳಿದ್ರೆ ಕೃಷ್ಣಗಿರಿ ಜಿಲ್ಲೆಯೋನು ಅಂತ ಬರ್ದು ಕೊಟ್ಟವ್ಳೆ ನೋಡ್ರಪ್ಪ! ಕಾಯೋದೂ ಅದೇ, ಕೊಲ್ಲೋದೂ ಅದೇ ಅಂದ್ರೆ, ನಾನು ಗಿಡ ಕೀಳ್ಲಾ ಬ್ಯಾಡ್ವಾ?"

"ಅದು ನಂಗೂ ಗೊತ್ತಿಲ್ಲ."

ಇದನ್ನು ಕಲ್ಪನಾ ಎಷ್ಟು ಸಲೀಸಾಗಿ ಹೇಳಿದಳೆಂದರೆ, ಆದಿಲಕ್ಷ್ಮಮ್ಮನಿಗೆ ಮೊರವನ್ನು ಎತ್ತಿ ಅಂಗಳಕ್ಕೆ ಎಸೆಯಬೇಕು ಅನ್ನಿಸಿತು. ಐವತ್ತೆಂಟು ವರ್ಷದ ಬಾಳಿನಲ್ಲಿ ಅವಳು ಡಾಕ್ಟರು, ವಕೀಲರು, ವಿಲೇಜ್ ಆಫೀಸರು, ಜೋಯಿಸರು ಎಲ್ಲರನ್ನೂ ಕಂಡಿದ್ದಳು. ಓದಿದವರು ಯಾರೂ ಹೀಗೆ ಬರಿಗೈ ತೋರಿಸಿದ್ದಿಲ್ಲ.

"ಅತ್ತೆ, ಆ ಮೊಗ್ಗುಗಳನ್ನ ಹೆಂಗೆ ಕಟ್ಟಿ ಕಳ್ಸಿದ್ರಿ?" ಎಂದು ಕೇಳಿದಳು ಕಲ್ಪನಾ.

"ಹೆಂಗೆ ಅಂದ್ರೆ? ಹೂವ ಕಟ್ಟೋ ಹಂಗೆ. ಶನಿವಾರ ಕುಯ್ದೆ. ಭಾನುವಾರ ಲ್ಯಾಬು ರಜ ಅಂದ್ರು. ಒದ್ದೆ ಪೇಪರಲ್ಲಿ ಸುತ್ತಿ, ಬಾಳೆನಾರಲ್ಲಿ ಕಟ್ಟಿ, ಮೂರ್ ಹೊತ್ತೂ ನೀರ್ ಚಿಮುಕ್ಸಿ, ಪ್ಲಾಸ್ಟಿಕ್ ಕವರಲ್ಲಿಟ್ಟು, ಬಾಡದಂಗೆ ಜೋಪಾನ ಮಾಡಿ ಸೋಮ್ವಾರ ನಿಮ್ ಮಾವನ ಕೈಲಿ ಕಳ್ಸಿವ್ನಿ. ಬಾಡಿರೋ ಹೂವ ಯಾರ್ ಮುಂದೆ ಇಡ್ತಾರೆ?"

ಹೇಳುವಾಗ ಅವಳ ದನಿಯಲ್ಲಿ ಹೆಮ್ಮೆಯೇ ಇತ್ತು. ಹೊಸೂರಿನ ಹೂವಿನ ಮಾರುಕಟ್ಟೆಯಲ್ಲಿ ಅವಳ ಕಟ್ಟು ಎಂದರೆ ಮೂಸಿ ನೋಡದೆ ತೆಗೆದುಕೊಳ್ಳುತ್ತಿದ್ದರು.

ಕಲ್ಪನಾ ಸೀಳಿದ ಅವರೆಕಾಯಿಯ ಕಾಳುಗಳನ್ನು ಒಂದೊಂದಾಗಿ ಮೊರಕ್ಕೆ ಬಿಟ್ಟಳು. "ಎರಡು ದಿನ ಒದ್ದೇಲಿತ್ತು. ಬಿಚ್ಚಿದ್ರೆ ಐದು ಥರದ ಬೂಷ್ಟು ಬೆಳ್ದಿತ್ತು ಅತ್ತೆ. ಪೇಪರಿಂದು, ನಾರಿಂದು, ಗಾಳೀಲಿ ಬಂದಿದ್ದು. ಬೇರೆ ಮಾಡಿ ಬೆಳ್ಸಿ ನೋಡ್ದೆ, ಗುರುವಾರದವರ್ಗೂ ನೋಡ್ದೆ. ಸಂಚಿ ಕಂಡಿದ್ದು ಒಂದ್ರಲ್ಲಿ. ಅದೇ ಗಿಡ ತಿಂತಿರೋದಾ, ಇಲ್ಲ ದಾರೀಲಿ ಹತ್ಕೊಂಡಿದ್ದಾ, ಹೆಂಗ್ ಹೇಳ್ಲಿ?"

ಆವುಲಪ್ಪ ಮೂಲೆಯಿಂದ, "ನಾನ್ ಅವತ್ತೇ ಅಂದೆ, ಅಷ್ಟು ನೀರು ಯಾಕೆ ಅಂತ," ಎಂದ.

"ನೀವು ಸುಮ್ಕಿರಿ! ನೀವು ಯಾವತ್ತು ಏನ್ ಅಂದಿದ್ರಿ?" ಎಂದು ಆದಿಲಕ್ಷ್ಮಮ್ಮ ಅತ್ತ ತಿರುಗಿ ಅಬ್ಬರಿಸಿದಳು. ಮತ್ತೆ ಇತ್ತ ತಿರುಗುವಷ್ಟರಲ್ಲಿ ದನಿ ಇಳಿದಿತ್ತು. "ನಂಬರು ಮಾತ್ರ ಇರ್ತದೆ, ಯಾರ್ದು ಅಂತ ನಿಮ್ಗೆ ಗೊತ್ತಾಗಲ್ಲ ಅಂದಿದ್ದೆಯಲ್ಲ?"

"ನಾರಿನ ಗಂಟು ನೋಡ್ದೆ. ಎರಡು ಸುತ್ತು ಸುತ್ತಿ ತುದಿ ಒಳಗೆ ಸಿಗ್ಸಿತ್ತು. ದಿನಾ ನೋಡ್ತೀನಲ್ಲ."

"ಗೊತ್ತಿದ್ದೂ ಇದನ್ನ ಬರ್ದ್ಯಾ? ಏನೋ ಒಂದ್ ಹೆಸ್ರು ಬರ್ದಿದ್ರೆ ನಿನ್ ಗಂಟೇನ್ ಹೋಗ್ತಿತ್ತು?"

"ಮ್ಯಾನೇಜರೂ ಹಂಗೇ ಅಂದ್ರು. ಯಾವ್ದೋ ಒಂದು ಹೆಸ್ರು ಹಾಕಮ್ಮ, ರೈತ್ರಿಗೆ ಹೆಸ್ರು ಬೇಕು, ಸಮಾಧಾನ ಆಗ್ತದೆ ಅಂತ. ನಾನ್ ಹಾಕ್ಲಿಲ್ಲ. ಇನ್ನೊಂದ್ ಸತಿ ಹಿಂಗಾದ್ರೆ ಬೇರೆ ಕಡೆ ಕೆಲ್ಸ ನೋಡ್ಕೋ ಅಂದ್ರು." ಕಲ್ಪನಾ ಇನ್ನೊಂದು ಕಾಯಿ ಎತ್ತಿಕೊಂಡಳು. "ಹೆಸ್ರು ಬರ್ದಿದ್ರೆ ನೀವು ಅದನ್ನ ನಂಬಿ ಭಾನುವಾರ ಗಿಡ ಕಿತ್ಬಿಡ್ತಿದ್ರಿ. ಇಲ್ಲ, ಕೀಳ್ಬೇಕಾಗಿದ್ದು ಉಳ್ಸ್ಕೊಂಡು ಕೆಳಗಿಂದೂ ಕಳ್ಕೊತಿದ್ರಿ. ಬೇರೆಯೋರ್ದಾಗಿದ್ರೂ ಬರೀತಿರ್ಲಿಲ್ಲ ಅತ್ತೆ. ನಿಮ್ದು ಅಂತ ಗೊತ್ತಿದ್ರಿಂದ ಇನ್ನೊಂದ್ ಸತಿ ನೋಡಿ ಬರ್ದೆ, ಅಷ್ಟೇ."

ಆದಿಲಕ್ಷ್ಮಮ್ಮನ ಕೋಪವೇನೂ ಹೋಗಿರಲಿಲ್ಲ, ಆದರೆ ಅದನ್ನು ಯಾರ ಮೇಲೆ ಹಾಕಬೇಕೆಂದು ತಿಳಿಯದೆ ಅವಳು ಇನ್ನಷ್ಟು ರೇಗಿದಳು. ಲ್ಯಾಬಿನ ಮೇಲೆ ಹಾಕೋಣವೆಂದರೆ ಲ್ಯಾಬು ಎದುರಿಗೇ ಕೂತು ಅವರೆಕಾಯಿ ಸುಲಿಯುತ್ತಿದೆ. ತನ್ನ ಮೇಲೆ ಹಾಕಿಕೊಳ್ಳುವುದು ಅವಳಿಗೆ ಅಭ್ಯಾಸವಿಲ್ಲ. ಕೊನೆಗೆ, "ಎದ್ದು ಕೈಕಾಲು ತೊಳ್ಕೊ. ಮುದ್ದೆ ಆರೋಗ್ತದೆ," ಎಂದು ಒಳಗೆ ಹೋದಳು. ಊಟ ಬಡಿಸುವಾಗ ಪಾತ್ರೆಗಳ ಸದ್ದು ಎಂದಿನಂತೆಯೇ ಜೋರಾಗಿತ್ತು.

ಶನಿವಾರ ಇಡೀ ದಿನ ಅವಳು ಮೇಲಿನ ಶೆಡ್ಡಿನಲ್ಲಿ ಸಾಲುಸಾಲು ನಡೆದಳು. ಕೆಳಗಿನ ಶೆಡ್ಡಿನಲ್ಲೂ ನಡೆದು ಒಂದೊಂದು ಮೊಗ್ಗನ್ನೂ ತಿರುವಿ ನೋಡಿದಳು. ಅಲ್ಲಿ ಇನ್ನೂ ಏನೂ ಇರಲಿಲ್ಲ. ನಾಳೆ ಇರಬಹುದು ಎಂದುಕೊಂಡು ಮೊದಲ ಸಾಲಿನಿಂದ ಮತ್ತೆ ನೋಡಿದಳು.

ಭಾನುವಾರ ಬಿಸಿಲು ಏರುವ ಹೊತ್ತಿಗೆ ಆಳುಗಳ ಟೆಂಪೊ ಬಂತು. ಹಿಂದೆಯೇ ಬೈಕಿನಲ್ಲಿ ಕುಮಾರೇಶ್. ಆರು ಜನ ಗುದ್ದಲಿ ಹಿಡಿದು ಇಳಿದರು. ಆದಿಲಕ್ಷ್ಮಮ್ಮ ಶೆಡ್ಡಿನ ಬಾಗಿಲಿಗೆ ಅಡ್ಡ ನಿಂತಿದ್ದಳು.

"ಇವತ್ತು ಬ್ಯಾಡ. ವಾಪಸ್ ಕರ್ಕೊಂಡೋಗು."

"ಯಾಕಕ್ಕ? ಏನ್ ರೋಗ ಅಂತ ಗೊತ್ತಾಯ್ತಾ?"

"ಇಲ್ಲ."

"ಮತ್ತೆ?"

"ಗೊತ್ತಿಲ್ಲ. ನನ್ ಸೊಸೇನೂ ಗೊತ್ತಿಲ್ಲ ಅಂದವ್ಳೆ," ಎಂದಳು ಆದಿಲಕ್ಷ್ಮಮ್ಮ, ಆಳುಗಳಿಗೂ ಕೇಳುವ ಹಾಗೆ. "ಅವ್ಳಿಗೆ ಗೊತ್ತಾಗ್ಲಿ, ಆಮೇಲೆ ಬಾ."

"ಅಷ್ಟರೊಳಗೆ ಕೆಳಗಿನ ಶೆಡ್ಡಿಗೆ ಹತ್ತಿದ್ರೆ ನನ್ನ ಕೇಳ್ಬ್ಯಾಡಿ!"

"ಹತ್ತಿದ್ರೆ ನನ್ ಕೈಯಾರೆ ನಾನೇ ಕೀಳ್ತೀನಿ ಹೋಗಪ್ಪ. ನಿನ್ನ ಯಾಕ್ ಕೇಳ್ಲಿ?"

ಕುಮಾರೇಶ್ ಏನೋ ಗೊಣಗುತ್ತ ಬೈಕು ತಿರುಗಿಸಿದ. ಟೆಂಪೊ ಹಿಂದಕ್ಕೆ ಸರಿದು, ಧೂಳೆಬ್ಬಿಸಿ, ಮಣ್ಣಿನ ದಾರಿಯಲ್ಲಿ ಇಳಿದುಹೋಯಿತು. ಧೂಳು ಕೂರುವವರೆಗೂ ಅವಳು ಅಲ್ಲೇ ನಿಂತು ನೋಡಿದಳು.

ಒಳಗೆ ಮೂರನೆಯ ಸಾಲಿನಲ್ಲಿ ಕಲ್ಪನಾ ಕುಕ್ಕರಗಾಲಲ್ಲಿ ಕೂತು, ಒಂದೊಂದೇ ಮೊಗ್ಗು ಕತ್ತರಿಸಿ, ಒಂದೊಂದಕ್ಕೂ ಬೇರೆ ಬೇರೆ ಒಣ ಕಾಗದದ ಕವರು ಮಾಡಿ, ಅದರ ಮೇಲೆ ಪೆನ್ಸಿಲಿನಲ್ಲಿ ಸಾಲು, ಗಿಡ ಬರೆಯುತ್ತಿದ್ದಳು. ಆದಿಲಕ್ಷ್ಮಮ್ಮ ಡ್ರಮ್ಮಿನ ನೀರಿನಲ್ಲಿ ಕೈ ತೊಳೆದುಕೊಂಡು ಅವಳ ಕಡೆ ಹೊರಟವಳು, ಎರಡು ಹೆಜ್ಜೆ ಇಟ್ಟು ನಿಂತಳು. ಸೆರಗಿನಿಂದ ಅಂಗೈ ಒರೆಸಿಕೊಂಡಳು, ಬೆರಳ ಸಂದಿಗಳನ್ನೂ ಒರೆಸಿಕೊಂಡಳು. ಅದೂ ಸಾಲದೆನಿಸಿ ಬಾಗಿಲ ಬಳಿಯ ಬಿಸಿಲಿಗೆ ಹೋಗಿ, ಎರಡೂ ಕೈಗಳನ್ನು ಮುಂದೆ ಚಾಚಿ, ಒಣಗಲೆಂದು ಹಾಗೆಯೇ ನಿಂತಳು.