ಏಳು ಸಾಲಿನ ಜಾಗ

ಮೂರನೆಯ ಗುಂಡಿಯಲ್ಲೂ ಅಜ್ಜ ಸಿಗಲಿಲ್ಲ.

ನಿದಿಂತುವಿನ ಚಿಕ್ಕಪ್ಪನ ಮಗ ಕುದುರ್ರು ಗುದ್ದಲಿಯನ್ನು ಗೋಡೆಗೆ ಒರಗಿಸಿ, ಸೊಂಟದ ಮೇಲೆ ಕೈಯಿಟ್ಟುಕೊಂಡು, ತಾನೇ ಅಗೆದ ಗುಂಡಿಯನ್ನು ಹಗೆಯವನನ್ನು ನೋಡುವಂತೆ ನೋಡಿದ. ಒಳಮನೆಯ ನೆಲ ಹೆಗ್ಗಣ ತೋಡಿದ ಹಾಗಾಗಿತ್ತು. ಒಂದರಲ್ಲಿ ಒಡೆದ ಮಡಕೆ ಸಿಕ್ಕಿತ್ತು, ಇನ್ನೊಂದರಲ್ಲಿ ಯಾರದೋ ಕಾಲದ ಒಲೆ. ಮೂರನೆಯದರಲ್ಲಿ ಬರೀ ಮಣ್ಣು.

"ಅಕ್ಕಾ, ತಾತ ಯಾವ ಮೂಲೇಲಿದಾರೆ ಅಂತ ದೊಡ್ಡಪ್ಪ ಒಂದ್ಸಲಾನೂ ಹೇಳ್ಲಿಲ್ವಾ?"

"ಹೇಳಿದ್ರಲ್ಲ," ಎಂದಳು ನಿದಿಂತು. "'ಅಪ್ಪ ಸತ್ತಾಗ ನಾನು ನಾಲ್ಕು ವರ್ಷದವ್ನು, ಗೋಡೆ ಪಕ್ಕ ಅನ್ನೋದು ನೆನಪಿದೆ, ಯಾವ ಗೋಡೆ ಅಂತ ಹೇಳಿದ್ರೆ ಅದು ಸುಳ್ಳಾಗುತ್ತೆ' ಅಂದ್ರು."

"ಯಾವ್ದೋ ಒಂದು ಗೋಡೆ ಹೇಳಿದ್ರೆ ಅವರ ಗಂಟೇನು ಹೋಗ್ತಿತ್ತು?"

ನಿದಿಂತುವಿಗೂ ಅದೇ ಅನ್ನಿಸಿತ್ತು. ಅಪ್ಪ ಲಾಬಾಶಿ ಅಂಗಳದಲ್ಲಿ ಜೊಂಡಿನ ಚಾಪೆಯೊಳಗೆ, ಎಳ್ಳೆಣ್ಣೆ ಹಚ್ಚಿಸಿಕೊಂಡು, ಯಾರಿಗೂ ತನ್ನಿಂದ ತೊಂದರೆಯೇ ಇಲ್ಲವೆಂಬಂತೆ ಮಲಗಿದ್ದ. ಉರುಕ್ ಪಟ್ಟಣದ ಬೇಸಗೆ, ಬಿಸಿಲು ನೆತ್ತಿಗೆ ಬರುವುದರೊಳಗೆ ಅವನನ್ನು ಊರ ರೂಢಿಯಂತೆ ಮನೆಯ ನೆಲದೊಳಗೇ ಇಳಿಸಬೇಕು. ಅದೂ ಎಲ್ಲೆಂದರಲ್ಲಿ ಅಲ್ಲ, ಅವನಪ್ಪನ ಪಕ್ಕದಲ್ಲಿ. ಸತ್ತವರಿಗೆ ನೀರೆರೆಯಲು ನೆಲಕ್ಕೆ ನೆಡುವ ಒಂದೇ ಕೊಳವೆಯಲ್ಲಿ ಸುರಿದದ್ದು ಇಬ್ಬರಿಗೂ ಮುಟ್ಟಬೇಕು.

ಪಕ್ಕದ ಮನೆಯ ಅಮ್ಮಾಯ ಬಾಗಿಲಲ್ಲಿ ಇಣುಕಿದಳು. ಕೇರಿಯಲ್ಲಿ ಯಾರು ಸತ್ತರೂ ಅಳುವ ಹೆಂಗಸರ ಮುಂದಾಳು ಅವಳೇ.

"ಇನ್ನೂ ಎಷ್ಟೊತ್ತಮ್ಮ? ಗಂಟಲು ಒಣಗ್ಹೋಯ್ತು. ಎರಡು ಸಲ ಎದೆ ಬಡ್ಕೊಂಡಾಯ್ತು. ಮೂರ್ನೇದು ಮಣ್ಣಿಗಿಡೋವಾಗ್ಲೇ ಬಡ್ಕೋಬೇಕು. ಈಗ್ಲೇ ಖರ್ಚು ಮಾಡ್ಬಿಟ್ರೆ ಆಮೇಲೇನು ಹಲ್ಲು ಕಿಸೀಲಾ?"

"ಸ್ವಲ್ಪ ಪಾನಕ ಕುಡೀರಿ ಅಮ್ಮಾಯಕ್ಕ. ಖರ್ಜೂರದ್ದಿದೆ."

"ಮೊದ್ಲೇ ಹೇಳ್ಬಾರ್ದಾ!" ಎಂದು ಅಮ್ಮಾಯ ಹೊರಟುಹೋದಳು.

ಅಗೆಯದೆ ಉಳಿದಿದ್ದು ಒಂದೇ ಗೋಡೆಯ ಪಕ್ಕ: ಬೆಳಕಿಂಡಿಯ ಕೆಳಗೆ ಲಾಬಾಶಿ ಕೂತು ಬರೆಯುತ್ತಿದ್ದ ಜಾಗ. ಅಲ್ಲಿ ಅವನ ಚಾಪೆ, ಜೊಂಡಿನ ಲೇಖನಿಗಳು, ಮರದ ಮಣೆಯ ಮೇಲೆ ಒದ್ದೆ ಬಟ್ಟೆ ಹೊದ್ದ ಒಂದು ಮಣ್ಣಿನ ಹಲಗೆ. ನಿನ್ನೆ ಅವನ ಉಸಿರು ನಿಂತಾಗಿನಿಂದ ನಿದಿಂತು ಆ ಬಟ್ಟೆಗೆ ಮೂರು ಸಲ ನೀರು ಚಿಮುಕಿಸಿದ್ದಳು. ಹೆಣಕ್ಕೆ ಎಣ್ಣೆ ಹಚ್ಚುವಾಗಲೂ ನಡುವೆ ಎದ್ದುಬಂದು ಚಿಮುಕಿಸಿದ್ದಳು. ಯಾಕೆಂದು ಯಾರೂ ಕೇಳಲಿಲ್ಲ. ಕೇಳಿದ್ದರೆ ಅವಳಿಗೆ ಸಿಟ್ಟು ಬರುತ್ತಿತ್ತು.

"ಅಲ್ಲೇ ಅಗಿ," ಎಂದು ಮಣೆಯನ್ನು ಎತ್ತಿಕೊಂಡು ಪಡಸಾಲೆಗೆ ತಂದಳು.

ಅದೇ ಹೊತ್ತಿಗೆ ರಿಮುತ್ ಬಂದ. ಗುಡಿಯ ಹಿರಿಯ ಹಾಡುಗಾರ, ಮೂವತ್ತು ವರ್ಷ ಲಾಬಾಶಿಯ ಗೆಳೆಯ, ಅಷ್ಟೇ ವರ್ಷ ಅವನ ಜಗಳಗಂಟ. ದುಃಖಕ್ಕೆಂದು ಮೇಲಂಗಿಯನ್ನು ಹರಿದುಕೊಂಡಿದ್ದ, ಮತ್ತೆ ಹೊಲಿಯಲು ಸುಲಭವಾಗುವಂತೆ ಹೊಲಿಗೆಯ ಗುಂಟ.

"ಹೋಗ್ಬಿಟ್ನಲ್ಲಮ್ಮಾ, ನನ್ನ ಬಿಟ್ಟು ಹೋಗ್ಬಿಟ್ನಲ್ಲಾ!" ಎಂದು ಕಂಬ ಹಿಡಿದು ಅತ್ತ. ಅತ್ತ ಕಣ್ಣು ಮಣೆಯ ಮೇಲೆ ಬಿತ್ತು. "ಎಂಟನೇ ಹಲಗೆ ತಾನೇ? ಒಣಗಿಲ್ವಲ್ಲ?"

"ಇಲ್ಲ ಮಾವ."

"ದೇವ್ರು ದೊಡ್ಡವ್ನು. ನೋಡಮ್ಮ, ಏಳು ಹಲಗೆ ಆಗ್ಲೇ ಗುಡಿ ಕೋಣೇಲಿವೆ, ಸಂಜೆ ಒಳಗೆ ಇದೂ ಅಲ್ಲಿರ್ಬೇಕು. ಹಿರಿಯರು ಖಡಾಖಂಡಿತ ಹೇಳ್ಬಿಟ್ಟಿದಾರೆ, ತೂತಿರೋ ಹಾಡು ಬೇಡ ಅಂತ. ಆ ಏಳು ಸಾಲು ತುಂಬು. ತುಂಬಿದ್ರೆ ಕೆಳಗೆ ನಿಮ್ಮಪ್ಪನ ಹೆಸರು ನಿಲ್ಲುತ್ತೆ, ಗುಡಿ ಇರೋವರ್ಗೂ. ಇಲ್ದಿದ್ರೆ ಎಂಟೂ ತೊಟ್ಟಿಗೆ. ನೆನೆಸಿ, ಕಲಸಿ, ಹುಡುಗ್ರಿಗೆ ಅಕ್ಷರ ತಿದ್ದೋಕೆ ಕೊಡ್ತಾರೆ."

*

ಮೆಸ್ಕಿರಾ ಹಿಂದೆ ಉರುಕ್ ಆಳಿದ ಅರಸ. ಉಪ್ಪುಕಡಲಿನಾಚೆ ಹೋದ ಹನ್ನೆರಡು ಮಂದಿಯಲ್ಲಿ ಒಬ್ಬನೇ ತಿರುಗಿ ಬಂದವನು. ಅವನ ಹಾಡು ಎಂಟು ಹಲಗೆ ಉದ್ದ. ಕೊನೆಯದರಲ್ಲಿ ಅವನು ಊರಬಾಗಿಲಿಗೆ ಬರುತ್ತಾನೆ. ಮುದುಕಿ ತಾಯಿ, "ಮಗನೇ, ಅಷ್ಟು ದೂರದಿಂದ ಏನು ತಂದೆ?" ಎಂದು ಕೇಳುತ್ತಾಳೆ. ಅರಸ ಬಾಯಿ ತೆರೆಯುತ್ತಾನೆ. ಅಲ್ಲಿಗೆ ಹಳೆಯ ಹಲಗೆ ಮುರಿದು ಏಳು ಸಾಲು ಮಾಯ. ಮುಂದಿನ ಸಾಲಿನಲ್ಲಿ ತಾಯಿ ಆಗಲೇ ಅಳುತ್ತಿರುತ್ತಾಳೆ.

ಹಳೆಯ ಹಲಗೆ ನೋಡಿ ಹೊಸದಕ್ಕೆ ನಕಲು ಮಾಡುವಾಗ ಮೂಲ ಮುರಿದಿದ್ದರೆ ಆ ಜಾಗದಲ್ಲಿ ಸಣ್ಣದಾಗಿ 'ಒಡೆದಿದೆ' ಎಂದು ಬರೆಯುವುದು ಬರಹಗಾರರ ಕ್ರಮ. ಒಂದೆರಡು ಅಕ್ಷರಕ್ಕಾದರೆ ಎಲ್ಲರೂ ಹಾಗೇ ಮಾಡುತ್ತಾರೆ. ಏಳು ಸಾಲಿಗೆ ಹಾಗೆ ಮಾಡುವವನು ಲಾಬಾಶಿ ಒಬ್ಬನೇ. ಹಾಡುಗಾರರ ಬಾಯಲ್ಲಿ ಆ ಜಾಗಕ್ಕೆ ಏಳಲ್ಲ, ಎಪ್ಪತ್ತು ಸಾಲಿದ್ದವು.

ಕ್ರಮ ಮಣ್ಣಿನಲ್ಲೇ ಉಳಿದಿದ್ದರೆ ನಿದಿಂತುವಿನ ತಕರಾರಿರಲಿಲ್ಲ. ಅವಳಿಗೆ ಇಪ್ಪತ್ತಾದಾಗ ತೋಟದವರ ಮನೆಯಿಂದ ಗಂಡಿನ ಕಡೆಯವರು ಬಂದಿದ್ದರು. ಮೀನು ಬೆಂದಿತ್ತು, ಮಾತು ಮುಗಿದಿತ್ತು. ಹುಡುಗನ ಸೋದರತ್ತೆ ಕೈ ತೊಳೆಯುತ್ತ, ಕೇಳಬೇಕಲ್ಲ ಎಂದು ಕೇಳಿದಳು: "ನಿಮ್ಮ ಕಡೆ ಯಾರಿಗೂ ಮೈ ಮೇಲೆ ಬಿಳಿ ಮಚ್ಚೆ, ಬುದ್ಧಿ ಭ್ರಮಣೆ, ಅಂಥದ್ದೇನಿಲ್ವಲ್ಲ?"

"ನಮ್ಮಪ್ಪನ ತನಕ ಇಲ್ಲ," ಎಂದ ಲಾಬಾಶಿ. "ಅದಕ್ಕೂ ಹಿಂದಿಂದು ನಂಗೊತ್ತಿಲ್ಲ. ಇದ್ರೂ ಇರಬಹುದು."

ಅವರು ಬಾಯಲ್ಲಿದ್ದ ಖರ್ಜೂರದ ಬೀಜ ಉಗಿಯಲೂ ನಿಲ್ಲಲಿಲ್ಲ. ಅಮ್ಮ ಮೀನಿನ ತಟ್ಟೆಯನ್ನು ತಂದು ಅಪ್ಪನ ಮುಂದೆ ಕುಕ್ಕಿದಳು. "ತಿನ್ನಿ. ಅಷ್ಟೂ ನೀವೇ ತಿನ್ನಿ."

"ಕೇಳಿದ್ರು, ಹೇಳ್ದೆ," ಎಂದ ಅವನು, ನಿಜವಾಗಿಯೂ ಅರ್ಥವಾಗದೆ.

ಮರುದಿನ ಬೆಳಿಗ್ಗೆ ಮಗಳ ಕೈಗೆ ಒಂದು ಉಂಡೆ ಮಣ್ಣು, ಒಂದು ಲೇಖನಿ ಕೊಟ್ಟು, "ಇಲ್ಲಿಂದ ಒತ್ತು, ಹೀಗೆ ಎತ್ತು" ಎಂದ. ಕ್ಷಮೆ ಕೇಳುವುದು ಅವನಿಗೆ ಬರುತ್ತಿದ್ದದ್ದು ಅಷ್ಟೇ. ಬೇರೆ ಗಂಡು ಬರಲಿಲ್ಲ. ಇಪ್ಪತ್ಮೂರು ವರ್ಷದಲ್ಲಿ ಅವಳ ಅಕ್ಷರ ಅವನದಕ್ಕಿಂತ ಚೆನ್ನಾಯಿತು.

*

"ಹೇಳಿ ಮಾವ, ಬರೀತೀನಿ," ಎಂದಳು ನಿದಿಂತು.

ರಿಮುತ್‌ಗೆ ನಂಬಿಕೆಯಾಗಲಿಲ್ಲ. "ನಿಜವಾಗ್ಲೂ?"

"ಅವರ ಸತ್ಯ ಇಟ್ಕೊಂಡು ಬದುಕಿದ್ದಾಯ್ತು. ಈಗ ಅದನ್ನ ಇಟ್ಕೊಂಡು ಹೂಳೋಕೂ ಆಗ್ತಿಲ್ಲ. ಹೆಸರಾದ್ರೂ ಉಳೀಲಿ. ಹೇಳಿ."

ರಿಮುತ್ ಗಂಟಲು ಸರಿಮಾಡಿಕೊಂಡ. ಸಾವಿನ ಮನೆಯೆಂದು ದನಿ ತಗ್ಗಿಸಿದರೂ ರಾಗ ಬಿಡಲಿಲ್ಲ. "ಬಂಗಾರ ತಂದೆ ತಾಯೇ, ಏಳು ದೋಣಿ ಬಂಗಾರ; ನೀಲಿಕಲ್ಲು ತಂದೆ ತಾಯೇ..."

"ತಂದಿದ್ರೆ ಅವಳ್ಯಾಕೆ ಅಳ್ತಾಳೆ ಮಾವ?"

"ಆನಂದಬಾಷ್ಪ ಕಣಮ್ಮ! ಅಪ್ಪನ ಹಾಗೆ ಶುರು ಮಾಡ್ಬೇಡ. ಬರಿ."

ಅವಳು ಬಟ್ಟೆ ತೆಗೆದಳು. ಲೇಖನಿ ಎತ್ತಿದವಳು ಹಾಗೇ ನಿಂತಳು.

ಅಪ್ಪ ಬರೆದ ಬೇರೆಲ್ಲ ಪ್ರತಿಗಳಲ್ಲಿ ಆ ಜಾಗ ಬೋಳಾಗಿ, ಸಮತಟ್ಟಾಗಿ ಇರುತ್ತಿತ್ತು. ಇದರಲ್ಲಿ ಮಣ್ಣು ಕುಳಿ ಬಿದ್ದಿತ್ತು. ಹೆಬ್ಬೆರಳಿನಿಂದ ತೀಡಿ ತೀಡಿ ಇಳಿದ ಕುಳಿ. ಅದರ ಅಂಚಿನಲ್ಲಿ ಅಳಿಸಲು ಮರೆತ ಮೊಳೆಯಾಕಾರದ ಅಕ್ಷರಗಳ ಬಾಲಗಳು ಅಲ್ಲಲ್ಲಿ ಉಳಿದಿದ್ದವು. ಒಂದು ಸಲದವಲ್ಲ, ಒಂದರ ಮೇಲೊಂದು.

"ಮಾವ, ಇಲ್ಲಿ ನೋಡಿ."

ರಿಮುತ್ ಬಗ್ಗಿ ನೋಡಿದ. ಓದು ಬಾರದ ಹಾಡುಗಾರನಲ್ಲ ಅವನು. ಹಲಗೆಯನ್ನು ಬೆಳಕಿಗೆ ಓರೆ ಮಾಡಿ ನೋಡಿದ.

"ಬರ್ದಿದಾನೆ," ಎಂದ.

"ಅಳಿಸಿದಾರೆ."

"ಬರ್ದು ಅಳಿಸಿದಾನೆ. ಬೆರಳು ಇಷ್ಟು ಇಳೀಬೇಕಾದ್ರೆ ಎಷ್ಟು ಸಲ ಬರ್ದಿರ್ಬೇಕು?" ಅವನ ಮುಖ ಕೆಂಪಾಯಿತು. "ಮೂವತ್ತು ವರ್ಷ! ಮೂವತ್ತು ವರ್ಷ ನನ್ನ ಸುಳ್ಳ ಅಂದ. ನಡುಬೀದೀಲಿ ಅಂದ, ನನ್ನ ಶಿಷ್ಯರ ಮುಂದೆ ಅಂದ! ಇಲ್ಲಿ ಕೂತ್ಕೊಂಡು ಇವ್ನು... ಏನ್ ಬರ್ದಿದ್ದ? ಒಂದಕ್ಷರನಾದ್ರೂ ಕಾಣುತ್ತಾ ನೋಡು."

ನಿದಿಂತು ನೋಡಿದಳು. ಅವಳಷ್ಟು ಚೆನ್ನಾಗಿ ಆ ಕೈಬರಹ ಓದಬಲ್ಲವರು ಊರಿನಲ್ಲಿ ಬೇರೆ ಯಾರೂ ಇರಲಿಲ್ಲ. "ಕಾಣಲ್ಲ," ಎಂದಳು.

ಅಷ್ಟು ವರ್ಷ ಮನೆಯವರ ಎದೆಯ ಮೇಲೆ ಕಲ್ಲಿನಂತೆ ಕೂತಿದ್ದ ಮನುಷ್ಯ, ತನಗೇ ತಡೆಯಲಾಗದೆ, ಯಾರಿಗೂ ಹೇಳದೆ, ಹೀಗೆ ಒದ್ದಾಡಿದ್ದ ಎಂಬುದು ಅವಳಿಗೆ ಮೊದಲು ಸಿಟ್ಟು ತಂದಿತು. ಸಿಟ್ಟು ತುಂಬಾ ಹೊತ್ತು ನಿಲ್ಲಲಿಲ್ಲ.

"ಸಿಕ್ರು!" ಒಳಗಿಂದ ಕುದುರ್ರು ಕೂಗಿದ. "ಅಕ್ಕಾ, ತಾತ ಸಿಕ್ರು! ದೊಡ್ಡಪ್ಪನ ಚಾಪೆ ಕೆಳಗೇ ಇದ್ರು! ನಲವತ್ತು ವರ್ಷದಿಂದ ಅವರ ಮೇಲೇ ಕೂತಿದ್ರಲ್ಲಪ್ಪಾ ಈ ಮಹಾನುಭಾವ!"

ಅಮ್ಮಾಯ ಪಾನಕದ ಬಟ್ಟಲನ್ನು ಕೆಳಗಿಟ್ಟು ತನ್ನ ಹೆಂಗಸರನ್ನು ಎಬ್ಬಿಸಿದಳು. ಮೂರನೆಯ ಗೋಳು ಶುರುವಾಯಿತು.

ಆ ಗದ್ದಲದಲ್ಲೇ ನಿದಿಂತು ಮಣೆಯನ್ನು ತೊಡೆಯ ಮೇಲಿಟ್ಟುಕೊಂಡು, ಕುಳಿಯನ್ನು ಮುಟ್ಟದೆ, ಅದರ ಅಂಚಿನಲ್ಲಿ 'ಒಡೆದಿದೆ' ಎಂದು ಒತ್ತಿದಳು. ಕೆಳಗೆ, ಹೆಸರಿನ ಜಾಗದಲ್ಲಿ: 'ಇಬ್ನಾನ ಮಗ ಲಾಬಾಶಿಯ ಕೈ. ಹಳೆಯದರಲ್ಲಿ ಇದ್ದಷ್ಟು.'

"ತೊಟ್ಟಿಗೆ ಹಾಕ್ತಾರಮ್ಮ," ಎಂದ ರಿಮುತ್.

"ಹಾಕ್ಲಿ."

ಗುಂಡಿಯಲ್ಲಿ ಅಪ್ಪನ ಪಕ್ಕ ಮಗನನ್ನು ಇಳಿಸಿ, ಇಟ್ಟಿಗೆ ಮುಚ್ಚಿ, ಕೊಳವೆ ನಿಲ್ಲಿಸಿದರು. ನಿದಿಂತು ಇಬ್ಬರ ಹೆಸರನ್ನೂ ಕರೆದು ನೀರು ಸುರಿದಳು. ಮುಗಿಸಿ ಹೊರಬಂದಾಗ ರಿಮುತ್ ಪಡಸಾಲೆಯಲ್ಲಿ ಹಲಗೆಯ ಮುಂದೆ ಕುಕ್ಕರಗಾಲಲ್ಲಿ ಕೂತಿದ್ದ. ಈ ಸಲ ಅತ್ತದ್ದಕ್ಕೆ ಕಂಬ ಬೇಕಾಗಿರಲಿಲ್ಲ.

"ನಾನೇ ತಗೊಂಡ್ಹೋಗ್ತೀನಿ ಇದ್ನ," ಎಂದು ಎದ್ದ. "ಹಿರಿಯರಿಗೆ ಕಣ್ಣು ಮಂಜು. ಅವರ ಮುಂದೆ ಹಿಡ್ಕೊಂಡು, ಓದ್ತಿರೋ ಹಾಗೆ ಏಳು ಸಾಲೂ ಹಾಡ್ಬಿಡ್ತೀನಿ. ತೂತೆಲ್ಲಿದೆ ಅಂತಾರೆ."

"ಅದು ಸುಳ್ಳಾಗುತ್ತಲ್ಲ ಮಾವ."

"ನಂದು ತಾನೇ? ನಂಗಭ್ಯಾಸ ಇದೆ."

ಬಟ್ಟೆ ಹೊದಿಸುವಂತಿರಲಿಲ್ಲ, ಹೊಸ ಅಕ್ಷರ ಇನ್ನೂ ಹಸಿ. ರಿಮುತ್ ಹಲಗೆಯನ್ನು ಬರಿ ಅಂಗೈ ಮೇಲೆ ಇಟ್ಟುಕೊಂಡ. ಮೇಲಿನಿಂದ ಒತ್ತಿ ಹಿಡಿಯಲು ಅಕ್ಷರವಿಲ್ಲದ ಜಾಗ ಹುಡುಕಿದ, ಇದ್ದದ್ದು ಒಂದೇ. ಅವನು ಹೆಬ್ಬೆರಳನ್ನು ಆ ಕುಳಿಯೊಳಗೆ ಇಟ್ಟ. ಅದು ಸರಿಯಾಗಿ ಕೂತಿತು.

ನಿದಿಂತು ಬಾಗಿಲಲ್ಲಿ ನಿಂತು ನೋಡಿದಳು. ಉರಿಬಿಸಿಲಿನ ಬೀದಿಯಲ್ಲಿ, ಹರಿದ ಮೇಲಂಗಿಯ ತುಂಡನ್ನು ಹಲಗೆಗೆ ನೆರಳಾಗಿ ಹಿಡಿದು, ಎದುರು ಬಂದ ಕತ್ತೆಗಳನ್ನೂ ಕತ್ತೆಯವರನ್ನೂ ಒಂದೇ ಸಮನೆ ಬೈಯುತ್ತ, ಹೆಬ್ಬೆರಳನ್ನು ಮಾತ್ರ ಅಲುಗಿಸದೆ, ರಿಮುತ್ ಗುಡಿಯ ಕಡೆಗೆ ಹೋಗುತ್ತಿದ್ದ.